ಸುಂಕದವನ ಮುಂದಿನ ಸುಖದುಃಖ: ಪಾಸ್‌ಪೋರ್ಟ್ ಅಧಿಕಾರಿಯ ಕರ್ತವ್ಯದ ಚರಿತ್ರೆ

‘ಸುಂಕದವನ ಮುಂದೆ ಸುಖದುಃಖ ಹೇಳಿಕೊಂಡಂತೆ’ ಎಂಬ ಗಾದೆ ಕನ್ನಡ ನಾಡಿನ ಬಹುತೇಕ ಎಲ್ಲ ಸೀಮೆಗಳಲ್ಲೂ ಬಳಕೆಯಲ್ಲಿದೆ. ಗಾದೆಗಳನ್ನು ವರ್ಗೀಕರಿಸುವಾಗ ನಾವು ಇದನ್ನು ‘ವ್ಯರ್ಥ ಪ್ರಯತ್ನ’ ಎಂಬ ತಲೆಬರಹದ ಕೆಳಗೆ ಇಟ್ಟು ಮುಂದೆ ಸಾಗಿಬಿಡುತ್ತೇವೆ. ಆದರೆ ಈ ಗಾದೆ ಸುಂಕದವನನ್ನು ಕ್ರೂರಿಯೆಂದು ಕರೆಯುವುದಿಲ್ಲ ಎಂಬುದು ಗಮನಾರ್ಹ. ಅವನಿಗೆ ಕಿವಿಯಿಲ್ಲವೆಂದಲ್ಲ, ಕೇಳಬೇಕೆಂಬ ಕಟ್ಟುಪಾಡು ಅವನ ಹುದ್ದೆಯಲ್ಲಿಲ್ಲ ಎಂಬುದು ಗಾದೆಯ ಒಳ ಇಂಗಿತ. ದಾರಿಯ ಬದಿಯ ಕಟ್ಟೆಯಲ್ಲಿ ಕುಳಿತು ಬಂದುಹೋಗುವವರನ್ನು ತಡೆಯುವ, ಬಿಡುವ ಅಧಿಕಾರ ಅವನಿಗಿದೆ. ತಡೆದದ್ದೇಕೆಂದು ಹೇಳುವ ಹೊಣೆಯಿಲ್ಲ. ಆ ಹೊಣೆ ಯಾವಾಗ, ಹೇಗೆ, ಯಾರ ಒತ್ತಾಯದಿಂದ ಹುಟ್ಟಿತು? ಈ ಪ್ರಶ್ನೆಯನ್ನು ಪಾಸ್‌ಪೋರ್ಟ್ ಅರ್ಜಿಯನ್ನು ತೀರ್ಮಾನಿಸುವ ಅಧಿಕಾರಿಯ ಉದಾಹರಣೆಯ ಮೂಲಕ ಪರಿಶೀಲಿಸುವುದು ಪ್ರಸ್ತುತ ಲೇಖನದ ಉದ್ದೇಶ.

ಜಾನಪದ ಕ್ಷೇತ್ರದಲ್ಲಿ ಕೆಲಸ ಮಾಡುವವರು ಕಾನೂನಿನ ವಿಷಯಕ್ಕೆ ಕೈಹಾಕಿದ್ದು ಕೆಲವರಿಗೆ ವಿಚಿತ್ರವಾಗಿ ಕಾಣಬಹುದು. ಆದರೆ ನಮ್ಮ ಪ್ರದರ್ಶನ ಕಲೆಗಳು ಕಡಲು ದಾಟಿದ ಕಥನವನ್ನು ಬರೆಯುವಾಗ ನಾವು ವೇದಿಕೆಯಿಂದ ಆರಂಭಿಸುತ್ತೇವೆ. ಶಿವರಾಮ ಕಾರಂತರು ಯಕ್ಷಗಾನವನ್ನು ವಿದೇಶಗಳಿಗೆ ಕೊಂಡೊಯ್ದುದನ್ನು, 2025ರಲ್ಲಿ ಪದ್ಮಶ್ರೀ ಪಡೆದ ಕೊಪ್ಪಳ ಜಿಲ್ಲೆಯ ಮೊರನಾಳದ ಭೀಮವ್ವ ದೊಡ್ಡಬಾಳಪ್ಪ ಶಿಳ್ಳೇಕ್ಯಾತರ ಅವರ ತೊಗಲುಗೊಂಬೆಗಳು ಹೊರನಾಡುಗಳಲ್ಲಿ ಕುಣಿದುದನ್ನು ದಾಖಲಿಸುತ್ತೇವೆ. ವೇದಿಕೆಗೆ ಮುಂಚೆ ಒಂದು ಕಿಟಕಿಯಿರುತ್ತದೆ, ಕಿಟಕಿಯ ಆಚೆ ಒಬ್ಬ ಅಧಿಕಾರಿ ಇರುತ್ತಾನೆ ಎಂಬುದು ನಮ್ಮ ಬರವಣಿಗೆಯಲ್ಲಿ ಬರುವುದೇ ಇಲ್ಲ. ಎಷ್ಟೋ ಕಲಾವಿದರ ಪಯಣ ಆ ಕಿಟಕಿಯ ಬಳಿಯೇ ಮುಗಿದಿದೆ.

ಹಿಂದಿನದನ್ನು ಸ್ವಲ್ಪ ನೋಡೋಣ. ಕಲ್ಯಾಣ ಚಾಲುಕ್ಯರ ಕಾಲದ ಶಾಸನಗಳಲ್ಲಿ ಪೆರ್ಜುಂಕ, ವಡ್ಡರಾವುಳ ಮೊದಲಾದ ಸುಂಕಗಳೂ ಸುಂಕವೆರ್ಗಡೆ ಎಂಬ ಅಧಿಕಾರಿಯೂ ಮತ್ತೆ ಮತ್ತೆ ಕಾಣಿಸಿಕೊಳ್ಳುತ್ತಾರೆ. ಇವು ಸರಕಿನ ಮೇಲಿನ ಹಕ್ಕುಗಳೇ ಹೊರತು ಮನುಷ್ಯರ ಓಡಾಟಕ್ಕೆ ಕೊಡುವ ಅನುಮತಿಗಳಲ್ಲ. ಆದ್ದರಿಂದ ಇವನ್ನು ಪಾಸ್‌ಪೋರ್ಟಿನ ಪೂರ್ವರೂಪವೆಂದು ಕರೆಯುವುದು ಅವಸರದ ತೀರ್ಮಾನವಾದೀತು. ಮನುಷ್ಯನಿಗೇ ಮುದ್ರೆ ಬೇಕೆಂಬ ವಿಚಾರ ಸ್ಪಷ್ಟವಾಗಿ ಸಿಗುವುದು ಕೌಟಿಲ್ಯನ ಅರ್ಥಶಾಸ್ತ್ರದಲ್ಲಿ. ಈ ಗ್ರಂಥ ಆಧುನಿಕ ಲೋಕಕ್ಕೆ ಮರಳಿ ದೊರೆತದ್ದು ಮೈಸೂರಿನಲ್ಲೇ. ಇಲ್ಲಿನ ಓರಿಯಂಟಲ್ ಲೈಬ್ರರಿಯ ಆರ್. ಶಾಮಶಾಸ್ತ್ರಿಗಳು 1905ರಲ್ಲಿ ಇದರ ಹಸ್ತಪ್ರತಿಯನ್ನು ಗುರುತಿಸಿ, 1909ರಲ್ಲಿ ಪ್ರಕಟಿಸಿ, 1915ರಲ್ಲಿ ಇಂಗ್ಲಿಷ್ ಅನುವಾದವನ್ನು ಹೊರತಂದರು. ಅದರ ಎರಡನೆಯ ಅಧಿಕರಣದಲ್ಲಿ ಮುದ್ರಾಧ್ಯಕ್ಷನೆಂಬ ಅಧಿಕಾರಿಯ ಪ್ರಸ್ತಾಪವಿದೆ. ಒಂದು ಮಾಷಕಕ್ಕೆ ಒಂದು ಮುದ್ರೆ ಕೊಡುವುದು ಅವನ ಕೆಲಸ. ಮುದ್ರೆಯಿದ್ದವನು ನಾಡಿನೊಳಗೆ ಬರಬಹುದು, ಹೊರಗೆ ಹೋಗಬಹುದು. ಮುದ್ರೆಯಿಲ್ಲದೆ ಸಿಕ್ಕಿಬಿದ್ದ ನಾಡಿಗನಿಗೆ 12 ಪಣ ದಂಡ, ಕಳ್ಳಮುದ್ರೆಗೆ ಇನ್ನೂ ಹೆಚ್ಚಿನದು, ಅವನು ಹೊರನಾಡಿಗನಾದರೆ ಅತ್ಯುಚ್ಚ ದಂಡ. ಶಾಮಶಾಸ್ತ್ರಿಗಳು ತಮ್ಮ ಅನುವಾದದಲ್ಲಿ ಈ ಅಧಿಕಾರಿಯನ್ನು ನೇರವಾಗಿ ಪಾಸ್‌ಪೋರ್ಟುಗಳ ಅಧ್ಯಕ್ಷನೆಂದೇ ಕರೆದರು.

ಆ ಅಧ್ಯಾಯದಲ್ಲಿ ದಂಡಗಳೆಲ್ಲವೂ ಪಯಣಿಗನ ಮೇಲೆ ಬೀಳುತ್ತವೆ. ಮುದ್ರೆ ಕೇಳಿ ಬಂದವನಿಗೆ ಮುದ್ರಾಧ್ಯಕ್ಷನು ಕೊಡದೆ ಹೋದರೆ ಏನು, ಕೊಡದಿರುವುದಕ್ಕೆ ಕಾರಣ ಹೇಳಬೇಕೆ, ಮೇಲಿನವರಲ್ಲಿ ದೂರಬಹುದೆ ಎಂಬುದಕ್ಕೆ ಅಲ್ಲಿ ಉತ್ತರವಿಲ್ಲ. ನಮ್ಮ ಗಾದೆಯ ಸುಂಕದವನೂ ಇದೇ ಗುಂಪಿಗೆ ಸೇರಿದವನು.

ಪರ್ಷಿಯನ್ ಮೂಲದ ‘ರಹದಾರಿ’ ಎಂಬ ಪದ ಕನ್ನಡಕ್ಕೆ ಬಂದು ನೆಲೆಸಿದೆ. ದಾರಿ ಕಾಯುವವನು ‘ರಾಹದಾರ’, ಅವನಿಗೆ ಸಲ್ಲುವುದು ರಹದಾರಿ. ಕಾಲಾಂತರದಲ್ಲಿ ಸಲ್ಲಿಸಿದ ಹಣದ ಹೆಸರು ಅದಕ್ಕೆ ಕೊಟ್ಟ ಚೀಟಿಗೆ ಅಂಟಿಕೊಂಡಿತು. ಈಗ ಬಸ್ಸು, ಲಾರಿಗಳಿಗೆ ಮಾತ್ರ ರಹದಾರಿ ಉಳಿದಿದೆ, ಮನುಷ್ಯನಿಗೆ ಬೇಕಾದದ್ದು ಪಾಸ್‌ಪೋರ್ಟ್. ಈ ಪದಾಂತರದ ನಡುವೆ ಬ್ರಿಟಿಷ್ ಆಳ್ವಿಕೆಯ ಒಂದು ಕುತೂಹಲಕರ ಘಟ್ಟವಿದೆ. ಮೊದಲ ಮಹಾಯುದ್ಧದ ಅನಂತರ, 1920ರಲ್ಲಿ ಬಂದ ಪಾಸ್‌ಪೋರ್ಟ್ ಕಾಯಿದೆ ಭಾರತದೊಳಗೆ ಬರುವವರನ್ನು ಕುರಿತದ್ದು. ಹೊರಗೆ ಹೋಗುವವರನ್ನು ಕುರಿತಾಗಲಿ, ಪಾಸ್‌ಪೋರ್ಟನ್ನು ಯಾರಿಗೆ ಕೊಡಬೇಕು, ಯಾವ ಕಾರಣಕ್ಕೆ ನಿರಾಕರಿಸಬಹುದು ಎಂಬುದನ್ನು ಕುರಿತಾಗಲಿ ಅದರಲ್ಲಿ ಏನೂ ಇರಲಿಲ್ಲ. ಆದರೂ ಪಾಸ್‌ಪೋರ್ಟ್ ಇಲ್ಲದವನು ಹಡಗು ಹತ್ತಲಾಗುತ್ತಿರಲಿಲ್ಲ, ಏಕೆಂದರೆ ಅಂಥವನನ್ನು ಒಯ್ದ ಕಂಪನಿಯೇ ತೊಂದರೆಗೆ ಸಿಲುಕುತ್ತಿತ್ತು. ಹೀಗೆ ಕಾನೂನಿನಲ್ಲಿ ಇಲ್ಲದ ಬಾಗಿಲೊಂದು ವ್ಯವಹಾರದಲ್ಲಿ ಮುಚ್ಚಿಕೊಂಡಿತು. ಅದರ ಬೀಗದ ಕೈ ಸರ್ಕಾರದ ಬಳಿ ಇತ್ತು. ಸ್ವಾತಂತ್ರ್ಯ ಬಂದು, ಸಂವಿಧಾನ ಜಾರಿಯಾಗಿ, ಹದಿನೇಳು ವರ್ಷ ಕಳೆದರೂ ಇದೇ ಸ್ಥಿತಿ ಮುಂದುವರಿಯಿತೆಂಬುದು ಇಂದಿನ ಓದುಗರಿಗೆ ಆಶ್ಚರ್ಯ ತರಿಸಬಹುದು. ಹಳೆಯ ಮೈಸೂರಿನ ಕಚೇರಿ ಭಾಷೆಯಲ್ಲಿ ಹೇಳುವುದಾದರೆ ಪಾಸ್‌ಪೋರ್ಟ್ ಎಂಬುದು ‘ಮರ್ಜಿ’ಗೆ ಬಿಟ್ಟ ವಿಷಯವಾಗಿತ್ತು.

ಮರ್ಜಿಯನ್ನು ಪ್ರಶ್ನಿಸಿದ ತೀರ್ಪುಗಳ ಪೈಕಿ ಒಂದು ನಮ್ಮದೇ ನೆಲದಿಂದ ಬಂದಿತು. 1965ರಲ್ಲಿ ಡಾ. ಎಸ್.ಎಸ್. ಸದಾಶಿವರಾವ್ ವಿರುದ್ಧ ಭಾರತ ಒಕ್ಕೂಟ ಎಂಬ ಮೊಕದ್ದಮೆಯಲ್ಲಿ ಮೈಸೂರು ಉಚ್ಚ ನ್ಯಾಯಾಲಯವು, ವಿದೇಶಕ್ಕೆ ಹೋಗುವುದು ಸಂವಿಧಾನದ 21ನೆಯ ಅನುಚ್ಛೇದದ ವೈಯಕ್ತಿಕ ಸ್ವಾತಂತ್ರ್ಯದ ಭಾಗವೆಂದೂ, ಕಾನೂನು ವಿಧಿಸಿದ ಕ್ರಮವಿಲ್ಲದೆ ಅದನ್ನು ಕಿತ್ತುಕೊಳ್ಳಲಾಗದೆಂದೂ, ಅಂಥ ಕಾನೂನೇ ಇಲ್ಲದಿರುವಾಗ ನಿರಾಕರಣೆ ಮೂಲಭೂತ ಹಕ್ಕಿನ ಉಲ್ಲಂಘನೆಯೆಂದೂ ಹೇಳಿತು. ಅಂಕೆಯಿಲ್ಲದ ವಿವೇಚನೆಯಿಂದ ಒಬ್ಬನಿಗೆ ಕೊಟ್ಟು ಮತ್ತೊಬ್ಬನಿಗೆ ಕೊಡದಿರುವುದು 14ನೆಯ ಅನುಚ್ಛೇದದ ಸಮಾನತೆಗೂ ವಿರುದ್ಧವೆಂದು ಅದು ಕಂಡುಕೊಂಡಿತು. ಕೇರಳ ಮತ್ತು ಮುಂಬಯಿಯ ಉಚ್ಚ ನ್ಯಾಯಾಲಯಗಳೂ ಇದೇ ದಿಕ್ಕಿನಲ್ಲಿ ನಡೆದರೆ, ದೆಹಲಿಯದು ಬೇರೆ ದಾರಿ ಹಿಡಿಯಿತು. ಮೈಸೂರಿನ ಈ ತೀರ್ಪನ್ನು ಕರ್ನಾಟಕದ ಚರಿತ್ರೆಯನ್ನು ಬರೆಯುವವರು ಸಾಮಾನ್ಯವಾಗಿ ನೆನೆಯುವುದಿಲ್ಲ. ಏಕೀಕರಣ, ಭೂಸುಧಾರಣೆ, ಹಿಂದುಳಿದ ವರ್ಗಗಳ ಆಯೋಗಗಳ ದೊಡ್ಡ ಕಥನಗಳ ನಡುವೆ ಇದು ಮರೆಯಾಗಿದೆ. ಸರ್ವೋಚ್ಚ ನ್ಯಾಯಾಲಯ ಎರಡು ವರ್ಷಗಳ ಅನಂತರ ಇದರ ನಿರ್ಣಯಗಳನ್ನು ಉಲ್ಲೇಖಿಸಿ ಅದೇ ನಿಲುವಿಗೆ ಬಂದಿತೆಂಬುದನ್ನಾದರೂ ನಾವು ದಾಖಲಿಸಿಕೊಳ್ಳಬೇಕು.

ಆ ಮೊಕದ್ದಮೆ ಸತ್ವಂತ್ ಸಿಂಗ್ ಸಾಹ್ನಿ ವಿರುದ್ಧ ಡಿ. ರಾಮರತ್ನಂ. ಮೋಟಾರು ವಾಹನಗಳ ಬಿಡಿಭಾಗಗಳ ತಯಾರಿಕೆ, ಆಮದು ಮತ್ತು ರಫ್ತಿನಲ್ಲಿ ತೊಡಗಿದ್ದ ಉದ್ಯಮಿಯೊಬ್ಬರಿಗೆ 1966ರಲ್ಲಿ ಪಾಸ್‌ಪೋರ್ಟ್ ಹಿಂದಿರುಗಿಸುವಂತೆ ಪತ್ರ ಬಂದಿತು. ಸೌಲಭ್ಯವನ್ನು ಹಿಂತೆಗೆದುಕೊಳ್ಳಲು ಸರ್ಕಾರ ತೀರ್ಮಾನಿಸಿದೆ ಎಂಬುದೇ ಅದರ ಸಾರ. ‘ಸೌಲಭ್ಯ’ ಎಂಬ ಪದವನ್ನು ಗಮನಿಸಿ. ಕೊಡುವವನು ಕೈ ಮೇಲಿಟ್ಟು, ಪಡೆಯುವವನು ಕೈ ಕೆಳಗಿಟ್ಟು ನಿಂತ ಸಂಬಂಧದ ಪದ ಅದು. ಪಾಸ್‌ಪೋರ್ಟ್ ರಾಜ್ಯವು ಪರರಾಜ್ಯಗಳಿಗೆ ಬರೆದುಕೊಡುವ ರಾಜಕೀಯ ಸ್ವರೂಪದ ಪತ್ರವಾದ್ದರಿಂದ ಅದನ್ನು ಯಾರೂ ಹಕ್ಕಾಗಿ ಕೇಳಲಾಗದು ಎಂದು ಸರ್ಕಾರ ವಾದಿಸಿತು. 1967ರ ಏಪ್ರಿಲ್ 10ರಂದು ಮುಖ್ಯ ನ್ಯಾಯಮೂರ್ತಿ ಕೆ. ಸುಬ್ಬರಾವ್ ಅವರು ತಮ್ಮ ಮತ್ತು ಇಬ್ಬರು ಸಹ ನ್ಯಾಯಮೂರ್ತಿಗಳ ಪರವಾಗಿ ಬರೆದ ತೀರ್ಪು ಈ ವಾದವನ್ನು ತಳ್ಳಿಹಾಕಿತು. ನ್ಯಾಯಮೂರ್ತಿಗಳಾದ ಹಿದಾಯತುಲ್ಲಾ ಮತ್ತು ಬಚಾವತ್ ಭಿನ್ನಮತ ತಾಳಿದರು. ಅಂದರೆ ಕೇವಲ ಒಂದು ಮತದ ಅಂತರದಲ್ಲಿ ಮರ್ಜಿ ಸೋತಿತು. ಮರುದಿನವೇ ಸುಬ್ಬರಾವ್ ಅವರು ರಾಷ್ಟ್ರಪತಿ ಚುನಾವಣೆಯಲ್ಲಿ ಸ್ಪರ್ಧಿಸಲು ರಾಜೀನಾಮೆ ಕೊಟ್ಟುದು ಪ್ರತ್ಯೇಕ ಕಥೆ.

ತೀರ್ಪಿನ ಫಲವಾಗಿ ಸರ್ಕಾರ ಮೊದಲು ಒಂದು ಅಧ್ಯಾದೇಶವನ್ನೂ ಬಳಿಕ 1967ರ ಜೂನ್ ತಿಂಗಳಲ್ಲಿ ಪಾಸ್‌ಪೋರ್ಟ್ ಅಧಿನಿಯಮವನ್ನೂ ತಂದಿತು. ಅಧಿಕಾರಿಯ ಕರ್ತವ್ಯ ಎಂಬುದು ಮೊದಲ ಬಾರಿಗೆ ಬರಹದ ರೂಪ ತಾಳಿದ್ದು ಇಲ್ಲಿ. ಅದರ 5ನೆಯ ಕಲಮಿನ ಪ್ರಕಾರ ಅರ್ಜಿ ಬಂದ ಮೇಲೆ ಪಾಸ್‌ಪೋರ್ಟ್ ಪ್ರಾಧಿಕಾರಿಯು ತಾನು ಅಗತ್ಯವೆಂದು ಭಾವಿಸಿದ ವಿಚಾರಣೆಯನ್ನು, ಅಂಥ ವಿಚಾರಣೆ ಬೇಕಿದ್ದರೆ, ನಡೆಸಿ, ಲಿಖಿತ ಆಜ್ಞೆಯ ಮೂಲಕ ಪಾಸ್‌ಪೋರ್ಟ್ ಕೊಡತಕ್ಕದ್ದು ಅಥವಾ ನಿರಾಕರಿಸತಕ್ಕದ್ದು. ನಿರಾಕರಿಸಿದರೆ ಕಾರಣಗಳ ಸಂಕ್ಷಿಪ್ತ ಹೇಳಿಕೆಯನ್ನು ಬರೆದಿಡತಕ್ಕದ್ದು, ಅರ್ಜಿದಾರ ಕೇಳಿದಾಗ ಅದರ ಪ್ರತಿಯನ್ನು ಒದಗಿಸತಕ್ಕದ್ದು. ದೇಶದ ಸಾರ್ವಭೌಮತ್ವ ಮತ್ತು ಅಖಂಡತೆ, ಭದ್ರತೆ, ಪರರಾಷ್ಟ್ರಗಳೊಡನೆ ಸ್ನೇಹಸಂಬಂಧ ಅಥವಾ ಸಾರ್ವಜನಿಕರ ಹಿತದ ದೃಷ್ಟಿಯಿಂದ ಪ್ರತಿ ಕೊಡಲಾಗದೆಂದು ಪ್ರಾಧಿಕಾರಿ ಭಾವಿಸಿದರೆ ಮಾತ್ರ ಇದಕ್ಕೆ ವಿನಾಯಿತಿ. ಆಗಲೂ ಕಾರಣವನ್ನು ಬರೆದಿಡುವ ಹೊಣೆ ತಪ್ಪುವುದಿಲ್ಲ. ಬರೆದಿಡುವುದು ಮತ್ತು ತೋರಿಸುವುದು ಬೇರೆ ಬೇರೆ ಎಂಬ ಈ ಸೂಕ್ಷ್ಮ ಕಚೇರಿಗಳಲ್ಲಿ ಎಷ್ಟೋ ಬಾರಿ ಮರೆತುಹೋಗುತ್ತದೆ.

6ನೆಯ ಕಲಂ ನಿರಾಕರಣೆಯ ಕಾರಣಗಳನ್ನು ಎಣಿಸುತ್ತದೆ. ಅರ್ಜಿದಾರ ಭಾರತದ ನಾಗರಿಕನಲ್ಲದಿರುವುದು, ಅವನ ಪ್ರಯಾಣದಿಂದ ದೇಶದ ಭದ್ರತೆಗೆ ಧಕ್ಕೆಯಾಗುವ ಸಂಭವ, ಹಿಂದಿನ ಐದು ವರ್ಷಗಳಲ್ಲಿ ನೈತಿಕ ಅಧಃಪತನದ ಅಪರಾಧಕ್ಕಾಗಿ ಎರಡು ವರ್ಷಕ್ಕೆ ಕಡಿಮೆಯಿಲ್ಲದ ಸೆರೆವಾಸದ ಶಿಕ್ಷೆ, ಕ್ರಿಮಿನಲ್ ನ್ಯಾಯಾಲಯದಲ್ಲಿ ಬಾಕಿಯಿರುವ ನಡವಳಿ, ವಾರಂಟು ಅಥವಾ ಸಮನ್ಸು, ಹಿಂದೆ ಸರ್ಕಾರದ ಖರ್ಚಿನಲ್ಲಿ ಸ್ವದೇಶಕ್ಕೆ ಮರಳಿ ಆ ಹಣ ತೀರಿಸದಿರುವುದು ಮುಂತಾಗಿ ಪಟ್ಟಿ ಸಾಗುತ್ತದೆ. ಪಟ್ಟಿಗಿಂತ ಮುಖ್ಯವಾದುದು ಅದರ ಆರಂಭದ ಮಾತು. ಈ ಕಾರಣಗಳಿಗಾಗಿ ನಿರಾಕರಿಸತಕ್ಕದ್ದು, ಬೇರೆ ಯಾವ ಕಾರಣಕ್ಕೂ ಅಲ್ಲ ಎಂದು ಅದು ವಿಧಿಸುತ್ತದೆ. ಪಟ್ಟಿಯ ಕೊನೆಯಲ್ಲಿ ‘ಸಾರ್ವಜನಿಕ ಹಿತ’ ಎಂಬ ಅಗಲ ಬಾಗಿಲೊಂದಿದೆ ನಿಜ. ಆದರೆ ಅದರ ಬಗ್ಗೆ ಅಭಿಪ್ರಾಯ ತಾಳಬೇಕಾದುದು ಕೇಂದ್ರ ಸರ್ಕಾರವೆಂದು ಕಾಯಿದೆ ಹೇಳುತ್ತದೆಯೇ ಹೊರತು ಕಿಟಕಿಯಲ್ಲಿ ಕುಳಿತವನೆಂದಲ್ಲ. ಅರ್ಜಿದಾರನ ಉಡುಪು, ಭಾಷೆ, ಅಕ್ಷರಜ್ಞಾನ, ‘ಇವನಿಗೆ ವಿದೇಶದಲ್ಲೇನು ಕೆಲಸ’ ಎಂಬ ಅನುಮಾನ, ಇವಾವುವೂ ಪಟ್ಟಿಯಲ್ಲಿಲ್ಲ.

ಬಾಕಿಯಿರುವ ಕ್ರಿಮಿನಲ್ ನಡವಳಿಯ ವಿಷಯದಲ್ಲಿ ಒಂದು ಮಾತು. ಕರಾವಳಿಯ ಕೋಳಿ ಅಂಕದಿಂದ ಹಿಡಿದು ಬಯಲುಸೀಮೆಯ ಬದುವಿನ ಜಗಳದವರೆಗೆ ನಮ್ಮ ಹಳ್ಳಿಗರ ಮೇಲೆ ಸಣ್ಣಪುಟ್ಟ ಮೊಕದ್ದಮೆಗಳಿರುವುದು ಅಪರೂಪವಲ್ಲ. ಕಲಾವಿದರೂ ಇದಕ್ಕೆ ಹೊರತಲ್ಲ. ಪೊಲೀಸ್ ಠಾಣೆಯಲ್ಲಿ ದೂರು ದಾಖಲಾದ ಮಾತ್ರಕ್ಕೆ ಅದು ನ್ಯಾಯಾಲಯದಲ್ಲಿ ಬಾಕಿಯಿರುವ ನಡವಳಿಯಾಗದು, ನ್ಯಾಯಾಲಯ ಅದನ್ನು ವಿಚಾರಣೆಗೆ ಎತ್ತಿಕೊಂಡಿರಬೇಕು ಎಂದು ವಿದೇಶಾಂಗ ಸಚಿವಾಲಯವೇ 2019ರ ಅಕ್ಟೋಬರ್‌ನಲ್ಲಿ ಸ್ಪಷ್ಟಪಡಿಸಿದೆ. ವಿಚಾರಣೆ ನಡೆಯುತ್ತಿದ್ದರೂ ಆ ನ್ಯಾಯಾಲಯದ ಅನುಮತಿ ತಂದವನಿಗೆ ಸೀಮಿತ ಅವಧಿಯ ಪಾಸ್‌ಪೋರ್ಟ್ ಕೊಡಲು 1993ರ ಆಗಸ್ಟ್ 25ರ ಅಧಿಸೂಚನೆ ಅವಕಾಶ ಕಲ್ಪಿಸಿದೆ. ಇದು ತಿಳಿಯದೆ ಹತಾಶರಾಗಿ ಮನೆಗೆ ಮರಳಿದವರನ್ನು ನಾನು ಕಂಡಿದ್ದೇನೆ.

ಕಾರಣ ಹೇಳುವುದು ಒಂದು ಕರ್ತವ್ಯವಾದರೆ, ಮಾತು ಕೇಳುವುದು ಇನ್ನೊಂದು. ಗಾದೆ ಅಸಾಧ್ಯವೆಂದು ತಿಳಿದದ್ದು ಇದನ್ನೇ. ಇದರ ಚರಿತ್ರೆ 1977ರ ಜುಲೈ ತಿಂಗಳಲ್ಲಿ ಆರಂಭವಾಗುತ್ತದೆ. ತುರ್ತುಪರಿಸ್ಥಿತಿ ಮುಗಿದು ಸರ್ಕಾರ ಬದಲಾಗಿತ್ತು. ಮೇನಕಾ ಗಾಂಧಿ ಅವರಿಗೆ 1976ರ ಜೂನ್ 1ರಂದು ಕೊಡಲಾಗಿದ್ದ ಪಾಸ್‌ಪೋರ್ಟನ್ನು ‘ಸಾರ್ವಜನಿಕ ಹಿತ’ದ ದೃಷ್ಟಿಯಿಂದ ಮುಟ್ಟುಗೋಲು ಹಾಕಿಕೊಳ್ಳಲಾಗಿದೆ, ಏಳು ದಿನಗಳಲ್ಲಿ ಒಪ್ಪಿಸಬೇಕು ಎಂಬ ಪತ್ರ ಜುಲೈ 4ರಂದು ಅವರ ಕೈಸೇರಿತು. ಕಾರಣವನ್ನು ತಿಳಿಸಿರೆಂದು ಅವರು ಬರೆದರು. ಸಾರ್ವಜನಿಕರ ಹಿತದ ದೃಷ್ಟಿಯಿಂದ ಕಾರಣ ತಿಳಿಸಲಾಗದು ಎಂದು ಜುಲೈ 6ರ ಉತ್ತರ ಬಂದಿತು. ವಿಚಾರಣಾ ಆಯೋಗಗಳ ಮುಂದೆ ಅವರ ಹಾಜರಿ ಬೇಕಾಗಬಹುದೆಂಬುದು ನಿಜವಾದ ಕಾರಣವೆಂದು ನ್ಯಾಯಾಲಯದಲ್ಲಿ ತಿಳಿದುಬಂದಿತು. ಇದರಲ್ಲಿ ಬಚ್ಚಿಡಬೇಕಾದದ್ದೇನಿತ್ತು ಎಂಬುದು ಯಾರಿಗೂ ತೋಚುವ ಪ್ರಶ್ನೆ.

1978ರ ಜನವರಿ 25ರಂದು ಏಳು ನ್ಯಾಯಮೂರ್ತಿಗಳ ಪೀಠ ತೀರ್ಪಿತ್ತಿತು. ನ್ಯಾಯಮೂರ್ತಿ ಪಿ.ಎನ್. ಭಗವತಿಯವರು ಬರೆದ ಪ್ರಧಾನ ತೀರ್ಪಿನಲ್ಲಿ ಎರಡು ಸಂಗತಿಗಳು ನೆಲೆಗೊಂಡವು. ಸ್ವಾತಂತ್ರ್ಯವನ್ನು ಕಿತ್ತುಕೊಳ್ಳುವ ಕ್ರಮ ಯಾವುದೋ ಒಂದು ಕ್ರಮವಾದರೆ ಸಾಲದು, ಅದು ನ್ಯಾಯಯುತವೂ ವಿವೇಕಯುತವೂ ಆಗಿರಬೇಕು ಎಂಬುದು ಒಂದು. ಮುಟ್ಟುಗೋಲಿಗೆ ಮೊದಲು ಅಥವಾ ತುರ್ತು ಸಂದರ್ಭದಲ್ಲಿ ಅದರ ಬೆನ್ನಲ್ಲೇ ಬಾಧಿತ ವ್ಯಕ್ತಿಯ ಮಾತನ್ನು ಕೇಳಬೇಕು, ಕಾಯಿದೆ ಈ ಬಗ್ಗೆ ಮೌನವಾಗಿದ್ದರೂ ಆ ಮೌನದೊಳಗೆ ಈ ಕರ್ತವ್ಯ ಅಡಗಿದೆ ಎಂಬುದು ಇನ್ನೊಂದು. ಸುಂಕದವನಿಗೆ ಕಿವಿಗೊಡುವ ಕಟ್ಟುಪಾಡು ಬಂದದ್ದು ಆ ದಿನ. ಕಾನೂನು ವಿದ್ಯಾರ್ಥಿಗಳು ಈ ತೀರ್ಪನ್ನು ವಿಜಯಗಾಥೆಯಂತೆ ಓದುತ್ತಾರೆ. ಆದರೆ ಅರ್ಜಿದಾರರಿಗೆ ಆ ದಿನ ಪಾಸ್‌ಪೋರ್ಟ್ ಮರಳಿ ದೊರೆಯಲಿಲ್ಲ ಎಂಬುದನ್ನು ಹೇಳುವವರು ಕಡಿಮೆ. ಅವರ ಅಹವಾಲನ್ನು ಬೇಗನೆ ಕೇಳಿ ತೀರ್ಮಾನಿಸುವುದಾಗಿಯೂ, ಮುಟ್ಟುಗೋಲನ್ನು ಖಾಯಂಗೊಳಿಸಿದರೆ ಅದರ ಅವಧಿ ಆರು ತಿಂಗಳನ್ನು ಮೀರದೆಂದೂ ಸರ್ಕಾರದ ಪರವಾಗಿ ಅಟಾರ್ನಿ ಜನರಲ್ ಕೊಟ್ಟ ಭರವಸೆಯನ್ನು ಒಪ್ಪಿಕೊಂಡು ನ್ಯಾಯಾಲಯ ಔಪಚಾರಿಕ ಆಜ್ಞೆ ಹೊರಡಿಸದೆ ಬಿಟ್ಟಿತು. ತತ್ತ್ವ ದೊಡ್ಡದಾಗಿ ಗೆದ್ದು, ವ್ಯಕ್ತಿಗೆ ಭರವಸೆಯಷ್ಟೇ ಸಿಕ್ಕಿತು.

ಪಾಸ್‌ಪೋರ್ಟನ್ನು ‘ವಶಪಡಿಸಿಕೊಳ್ಳುವುದು’ ಮತ್ತು ‘ಮುಟ್ಟುಗೋಲು ಹಾಕಿಕೊಳ್ಳುವುದು’ ಬೇರೆ ಬೇರೆಯೆಂದು 2008ರ ಸುರೇಶ್ ನಂದಾ ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯ ಹೇಳಿದುದನ್ನೂ ಇಲ್ಲಿ ಸೇರಿಸಬಹುದು. ತನಿಖೆಯ ವೇಳೆ ಪೊಲೀಸರು ಅದನ್ನು ವಶಕ್ಕೆ ತೆಗೆದುಕೊಳ್ಳಬಹುದು, ಆದರೆ ಇಟ್ಟುಕೊಳ್ಳುವ ಅಧಿಕಾರ ಕಾಯಿದೆಯ 10ನೆಯ ಕಲಮಿನಡಿ ಪಾಸ್‌ಪೋರ್ಟ್ ಪ್ರಾಧಿಕಾರಿಗೆ ಮಾತ್ರ ಸೇರಿದ್ದು. ನಮ್ಮ ಆಡುಮಾತಿನಲ್ಲಿ ಎರಡಕ್ಕೂ ‘ಜಫ್ತಿ’ ಎಂಬ ಒಂದೇ ಪದವಿರುವುದರಿಂದ ಈ ಭೇದ ಜನರಿಗೆ ತಿಳಿಯುವುದು ಕಷ್ಟ.

ಇಷ್ಟಾದರೂ ಕಾಯಿದೆಯೂ ತೀರ್ಪುಗಳೂ ಅಷ್ಟಾಗಿ ಮುಟ್ಟದ ಒಂದು ಜಾಗ ಉಳಿದಿದೆ. ಕಾಯಿದೆಗೆ ಗೊತ್ತಿರುವುದು ಎರಡೇ ಉತ್ತರ, ಕೊಡುವುದು ಮತ್ತು ನಿರಾಕರಿಸುವುದು. ವ್ಯವಹಾರದಲ್ಲಿ ಮೂರನೆಯದೊಂದಿದೆ, ಏನನ್ನೂ ಹೇಳದಿರುವುದು. ನನ್ನ ತಿಳಿವಳಿಕೆಯಲ್ಲಿ ಬಡ ಅರ್ಜಿದಾರನನ್ನು ಅತಿ ಹೆಚ್ಚು ಬಾಧಿಸುವುದು ಈ ಮೂರನೆಯದೇ. ನಿರಾಕರಿಸಿದರೆ 11ನೆಯ ಕಲಮಿನಡಿ ಮೇಲ್ಮನವಿ ಸಲ್ಲಿಸಬಹುದು. ಆಜ್ಞೆಯೇ ಇಲ್ಲದಿದ್ದರೆ ಯಾವುದರ ಮೇಲೆ ಮನವಿ? ಆಗ ಉಳಿಯುವುದು ಉಚ್ಚ ನ್ಯಾಯಾಲಯಕ್ಕೆ ಹೋಗಿ, ತೀರ್ಮಾನಿಸಿ ಎಂದು ಅಧಿಕಾರಿಗೆ ಆದೇಶ ಕೊಡಿಸಿಕೊಳ್ಳುವ ದಾರಿ. ಕರಡಿ ಮಜಲು ಬಾರಿಸುವವನಿಗೆ ಆ ದಾರಿ ತೆರೆದಿದೆ ಎನ್ನುವುದು ಕಾಗದದ ಮೇಲಿನ ಮಾತು.

ಕರಡಿ ಮಜಲಿನ ಮಾತನ್ನು ಸುಮ್ಮನೆ ತಂದದ್ದಲ್ಲ. 2008ರ ಸುಮಾರಿಗೆ, ನಾನು ಪಿಎಚ್.ಡಿ. ಅಧ್ಯಯನಕ್ಕಾಗಿ ಹೈದರಾಬಾದ್ ಕರ್ನಾಟಕ ಭಾಗದಲ್ಲಿ ಕ್ಷೇತ್ರಕಾರ್ಯ ಮಾಡುತ್ತಿದ್ದಾಗ, ಅಲ್ಲಿನ ಹಿರಿಯ ಕರಡಿ ಮಜಲು ವಾದಕರೊಬ್ಬರಿಗೆ ಯುರೋಪಿನ ಉತ್ಸವವೊಂದಕ್ಕೆ ಬರುವಂತೆ ಆಹ್ವಾನ ಬಂದಿತು. ಅವರ ಅರ್ಜಿ ತುಂಬುವ ಕೆಲಸ ನನ್ನ ಪಾಲಿಗೆ ಬಂದಿತು. ಮೊದಲ ತೊಡಕು ಹುಟ್ಟಿದ ದಿನಾಂಕ. ಅವರು ಶಾಲೆಯ ಮೆಟ್ಟಿಲು ಹತ್ತಿದವರಲ್ಲ. ಶಾಲೆಗೆ ಹೋದವರಿಗಾದರೆ ಮೇಷ್ಟ್ರು ದಯಪಾಲಿಸಿದ ಜೂನ್ 1 ಇರುತ್ತದೆ. ರಜಾಕಾರರ ಗಲಾಟೆಯಲ್ಲಿ ಊರು ಬಿಟ್ಟು ಓಡುವಾಗ ತಾನು ಅವ್ವನ ಕಂಕುಳಲ್ಲಿದ್ದೆ ಎಂಬುದು ಅವರ ಜನ್ಮದಾಖಲೆ. ಚರಿತ್ರೆಯ ವಿದ್ಯಾರ್ಥಿಗೆ ಇದು ಬಹಳ ನಿಖರವಾದ ಮಾಹಿತಿ, 1947-48ರ ಆಚೀಚೆ ಎಂದು ಗಟ್ಟಿಯಾಗಿ ಹೇಳಬಹುದು. ನಮೂನೆಯ ಚೌಕಗಳಿಗೆ ಮಾತ್ರ ಅದು ಹೊಂದುವುದಿಲ್ಲ. ಜನನ ಮರಣಗಳ ಕಡ್ಡಾಯ ನೋಂದಣಿಗೆ ದೇಶವ್ಯಾಪಿ ಕಾಯಿದೆ ಬಂದದ್ದೇ 1969ರಲ್ಲಿ. ಅಕ್ಷರ ಬಾರದವರು ಪ್ರಮಾಣಪತ್ರದ ಮೂಲಕ ದಿನಾಂಕ ಹೇಳಿಕೊಳ್ಳಲು ಆಗ ಅವಕಾಶವಿದ್ದುದರಿಂದ ಆ ತೊಡಕು ಹೇಗೋ ಬಗೆಹರಿಯಿತು.

ಎರಡನೆಯದು ಹೆಸರು. ಪಡಿತರ ಚೀಟಿಯಲ್ಲಿ ಕುಲದೈವದ ಹೆಸರಿಗೆ ‘ಅಪ್ಪ’ ಸೇರಿತ್ತು. ಮತದಾರರ ಗುರುತಿನ ಚೀಟಿಯಲ್ಲಿ ಅದು ಕಳಚಿತ್ತು. ಪಹಣಿಯಲ್ಲಿ ಅದರ ಮುಂದೆ ಮನೆತನದ ಹೆಸರು ಬಂದು ಕುಳಿತಿತ್ತು. ಊರಿನವರು ಕರೆಯುತ್ತಿದ್ದ ಹೆಸರು ಈ ಮೂರರಲ್ಲೂ ಇರಲಿಲ್ಲ. ಮೌಖಿಕ ಸಮಾಜದಲ್ಲಿ ಹೆಸರೆಂಬುದು ಸಂದರ್ಭಕ್ಕೆ ತಕ್ಕಂತೆ ಬದಲಾಗುವ ಸಂಬೋಧನೆ, ಲಿಖಿತ ಪ್ರಭುತ್ವಕ್ಕೆ ಅದು ಒಂದೇ ಅಚ್ಚಿನ ಚಹರೆಯಾಗಿರಬೇಕು. ‘ಸರ್‌ನೇಮ್’ ಎಂಬ ಚೌಕದ ಮುಂದೆ ನಾವಿಬ್ಬರೂ ಬಹಳ ಹೊತ್ತು ಕುಳಿತಿದ್ದೆವು.

ಅಧಿಕಾರಿಯ ಕಷ್ಟವನ್ನೂ ಇಲ್ಲಿ ಹೇಳದಿದ್ದರೆ ಅನ್ಯಾಯವಾದೀತು. ಬೇರೊಬ್ಬನ ಹೆಸರಿನಲ್ಲಿ ಪಾಸ್‌ಪೋರ್ಟ್ ಪಡೆದ ಪ್ರಕರಣಗಳು ಇದ್ದೇ ಇವೆ. ಸುಳ್ಳು ಮಾಹಿತಿ ಕೊಡುವುದು 12ನೆಯ ಕಲಮಿನಡಿ ಅಪರಾಧ. ಎದುರಿಗೆ ನಿಂತವನು ತಾನು ಹೇಳಿಕೊಂಡವನೇ ಹೌದೆ ಎಂದು ನೋಡುವುದು ಅವನ ಕೆಲಸವೇ ಸರಿ. ಹೆಸರಿನಲ್ಲಿ ವ್ಯತ್ಯಾಸವಿದ್ದರೆ ಕೇಳಲಿ, ಇಂಥ ದಾಖಲೆ ತಾ ಎಂದು ಬರೆದು ತಿಳಿಸಲಿ. ನಮ್ಮ ವಾದಕರ ವಿಷಯದಲ್ಲಿ ಆದದ್ದು ಇದಲ್ಲ. ಪೊಲೀಸ್ ಪರಿಶೀಲನೆ ಮುಗಿದು ಏಳು ತಿಂಗಳು ಕಳೆದರೂ ಯಾವ ಪತ್ರವೂ ಬರಲಿಲ್ಲ. ಮೂರು ಬಾರಿ ನಾವು ಆ ಕಚೇರಿಗೆ ಹೋದೆವು, ಮೂರು ಬಾರಿಯೂ ‘ಇನ್ನೂ ಆಗಿಲ್ಲ’ ಎಂಬ ಉತ್ತರ. ಉತ್ಸವದ ತಿಂಗಳು ಬಂದು ಹೋಯಿತು. ‘ಇಲ್ಲ ಅಂದಿದ್ರ ಮನಿ ಹಾದಿ ಹಿಡೀತಿದ್ದೆ, ಹೂಂ ಅಂದಿದ್ರ ವಿಮಾನ ಹತ್ತತಿದ್ದೆ’ ಎಂದು ಅವರು ಒಮ್ಮೆ ಬಸ್ ನಿಲ್ದಾಣದಲ್ಲಿ ಹೇಳಿದರು. 5ನೆಯ ಕಲಮಿನ ಲಿಖಿತ ಆಜ್ಞೆಯ ವಿಧಿಗೆ ಇದಕ್ಕಿಂತ ಒಳ್ಳೆಯ ವ್ಯಾಖ್ಯಾನವನ್ನು ನಾನು ಯಾವ ಕಾನೂನು ಗ್ರಂಥದಲ್ಲೂ ಓದಿಲ್ಲ.

ಕೊನೆಗೆ 2005ರ ಮಾಹಿತಿ ಹಕ್ಕು ಅಧಿನಿಯಮದಡಿ ನಾನೊಂದು ಅರ್ಜಿ ಬರೆದುಕೊಟ್ಟೆ. ಠಾಣೆಯ ವರದಿಯಲ್ಲಿ ‘ಹೆಸರಿನಲ್ಲಿ ವ್ಯತ್ಯಾಸ’ ಎಂಬ ಒಂದು ಸಾಲಿದೆ ಎಂದು ಉತ್ತರ ಬಂದಿತು. ಒಂದು ಪ್ರಮಾಣಪತ್ರದಿಂದ ಸರಿಹೋಗಬಹುದಾಗಿದ್ದ ಸಂಗತಿ ಅದು. ಕಾಯಿದೆಯ ಪ್ರಕಾರ ಪೊಲೀಸ್ ವರದಿ ಪ್ರಾಧಿಕಾರಿಯ ವಿಚಾರಣೆಗೆ ಸಹಾಯಕವಷ್ಟೇ, ತೀರ್ಮಾನ ಅವನದೇ ಆಗಿರಬೇಕು. ಇಲ್ಲಿ ಠಾಣೆಯ ಒಂದು ಸಾಲೇ ತೀರ್ಮಾನವಾಗಿಬಿಟ್ಟಿತ್ತು, ಅದೂ ಯಾರಿಗೂ ತಿಳಿಸದ ತೀರ್ಮಾನ. ದೇವರು ವರ ಕೊಟ್ಟರೂ ಪೂಜಾರಿ ಕೊಡ ಎಂಬ ಮಾತು ಇಂಥಲ್ಲಿಯೇ ಹುಟ್ಟಿರಬೇಕು.

ಆ ಬಳಿಕ ವ್ಯವಸ್ಥೆ ಬಹಳಷ್ಟು ಬದಲಾಗಿದೆ, ಅದನ್ನು ಒಪ್ಪಿಕೊಳ್ಳಬೇಕು. 2009ರಿಂದ ಹಜ್ ಯಾತ್ರಿಕರಿಗೂ ಯಾತ್ರಾಪಾಸಿನ ಬದಲು ಪೂರ್ಣ ಪಾಸ್‌ಪೋರ್ಟ್ ಅಗತ್ಯವಾದಾಗ ಹಳ್ಳಿಗಳ ಎಷ್ಟೋ ವೃದ್ಧರು ಮೊದಲ ಬಾರಿಗೆ ಆ ಕಿಟಕಿಯ ಮುಂದೆ ನಿಂತರು. 2010ರಲ್ಲಿ ಪಾಸ್‌ಪೋರ್ಟ್ ಸೇವಾ ಕೇಂದ್ರಗಳು ಪ್ರಾಯೋಗಿಕವಾಗಿ ಆರಂಭವಾದ ನಗರಗಳಲ್ಲಿ ಬೆಂಗಳೂರೂ ಒಂದು. ಅರ್ಜಿ ಯಾವ ಮೇಜಿನ ಮೇಲಿದೆ ಎಂಬುದಾದರೂ ಈಗ ಅರ್ಜಿದಾರನಿಗೆ ತಿಳಿಯುತ್ತದೆ. 2016ರ ಡಿಸೆಂಬರ್‌ನಲ್ಲಿ ಬಂದ ಬದಲಾವಣೆಗಳು ಜಾನಪದ ಅಧ್ಯಯನಕಾರರಿಗೆ ವಿಶೇಷ ಮಹತ್ವದವು. ತಂದೆತಾಯಿಗಳಲ್ಲಿ ಒಬ್ಬರ ಹೆಸರನ್ನು ಮಾತ್ರ ಕೊಟ್ಟರೆ ಸಾಕೆಂದು ಆಗ ತೀರ್ಮಾನವಾಯಿತು. ಅದೇ ವರ್ಷದ ಮೇ ತಿಂಗಳಲ್ಲಿ ದೆಹಲಿ ಉಚ್ಚ ನ್ಯಾಯಾಲಯವು ತಾಯಿಯ ಹೆಸರೊಂದೇ ಸಾಕಾಗುವ ಸಂದರ್ಭಗಳಿವೆ ಎಂದು ಹೇಳಿತ್ತು. ಉತ್ತರ ಕರ್ನಾಟಕದಲ್ಲಿ ದೇವದಾಸಿಯರ ಮಕ್ಕಳ ಪಾಲಿಗೆ ‘ತಂದೆಯ ಹೆಸರು’ ಎಂಬ ಚೌಕ ಎಂಥ ಮುಳ್ಳಾಗಿತ್ತೆಂಬುದನ್ನು ಬಲ್ಲವರು ಬಲ್ಲರು. 1982ರ ಕರ್ನಾಟಕದ ಕಾಯಿದೆ ಸಮರ್ಪಣೆಯನ್ನು ನಿಷೇಧಿಸಿತಾದರೂ ಆ ಚೌಕವನ್ನು ಅಳಿಸಿರಲಿಲ್ಲ.

ಸಾಧು ಸಂನ್ಯಾಸಿಗಳು ಹೆತ್ತವರ ಹೆಸರಿನ ಬದಲು ತಮ್ಮ ಗುರುವಿನ ಹೆಸರನ್ನು ಕೊಡಬಹುದೆಂಬುದು ಅದೇ ಕ್ರಮದ ಮತ್ತೊಂದು ಅಂಶ. ಗುರುವಿನ ಹೆಸರಿರುವ ಒಂದು ಸಾರ್ವಜನಿಕ ದಾಖಲೆ ಇದ್ದರೆ ಸಾಕು. ಮುತ್ತು ಕಟ್ಟಿಸಿಕೊಂಡ ಜೋಗತಿಯರಲ್ಲಿ, ಜೋಗಪ್ಪಗಳಲ್ಲಿ ಗುರುವೇ ತಾಯಿ, ಗುರುವಿನ ಮನೆಯೇ ತವರು. ಹೆತ್ತವರು ಮನೆಯಿಂದ ಹೊರಹಾಕಿದ ಎಷ್ಟೋ ಜನರಿಗೆ ಬೇರೆ ವಂಶಾವಳಿ ಇಲ್ಲ. ‘ಸಾಧು ಸಂನ್ಯಾಸಿ’ ಎಂಬ ಪದ ಇವರನ್ನು ಒಳಗೊಳ್ಳುತ್ತದೆಯೆ? ಜೋಗತಿ ನೃತ್ಯದ ಮಂಜಮ್ಮ ಜೋಗತಿ ಅವರು 2021ರಲ್ಲಿ ಪದ್ಮಶ್ರೀ ಪಡೆದ ನಾಡಿನಲ್ಲಿ ಈ ಪ್ರಶ್ನೆ ಬರಿಯ ತರ್ಕವಲ್ಲ. ಒಳಗೊಳ್ಳುವುದಿಲ್ಲವೆಂದು ಅಧಿಕಾರಿ ಭಾವಿಸಿದರೆ, ಹಾಗೆಂದು ಕಾರಣ ಸಹಿತ ಬರೆಯಬೇಕು. ಬರೆದರೆ ಅದನ್ನು ಮೇಲಿನವರ ಮುಂದೆ ವಾದಿಸಬಹುದು.

ಇನ್ನೊಂದು ಕಡೆ ದಾಖಲೆಯ ಬಿಗಿ ಹೆಚ್ಚುತ್ತಲೂ ಇದೆ. 2023ರ ಅಕ್ಟೋಬರ್ 1ರಂದು ಅಥವಾ ಅನಂತರ ಹುಟ್ಟಿದವರಿಗೆ ಜನನ ಪ್ರಮಾಣಪತ್ರವೊಂದೇ ಜನ್ಮದಿನಾಂಕದ ಆಧಾರವೆಂದು 2025ರ ತಿದ್ದುಪಡಿ ನಿಯಮಗಳು ವಿಧಿಸಿವೆ. ಆಸ್ಪತ್ರೆಯಲ್ಲಿ ಹುಟ್ಟುವ ಮಕ್ಕಳಿಗೆ ಇದು ತೊಂದರೆಯಲ್ಲ. ಬಿಡಾರ ಬದಲಿಸುತ್ತ ತಿರುಗುವ ಅಲೆಮಾರಿ ಸಮುದಾಯಗಳ ಮಕ್ಕಳ ಜನನಗಳನ್ನು ಯಾರು, ಯಾವ ಊರಿನಲ್ಲಿ ನೋಂದಾಯಿಸುತ್ತಾರೆ ಎಂಬುದನ್ನು ಈಗಲೇ ನೋಡಿಕೊಳ್ಳದಿದ್ದರೆ, ಇನ್ನು ಹದಿನೈದಿಪ್ಪತ್ತು ವರ್ಷಗಳಲ್ಲಿ ಗೊಂಬೆಯಾಟದ ಹೊಸ ತಲೆಮಾರು ಅದೇ ಕಿಟಕಿಯ ಮುಂದೆ ನಿಲ್ಲಬೇಕಾಗುತ್ತದೆ.

ನಮ್ಮ ವಾದಕರಿಗೆ 2009ರಲ್ಲಿ ಪಾಸ್‌ಪೋರ್ಟ್ ಬಂದಿತು. ಅಂಚೆಯವನು ತಂದುಕೊಟ್ಟಾಗ ಅದರಲ್ಲಿ ಯಾವ ಹೆಸರನ್ನು ಬರೆದಿದ್ದಾರೆಂದು ನನಗೆ ಫೋನು ಮಾಡಿಸಿ, ಊರಿನ ಹುಡುಗನೊಬ್ಬನಿಂದ ಅಕ್ಷರ ಅಕ್ಷರವಾಗಿ ಓದಿಸಿ ಕೇಳಿಸಿದರು. ಪಹಣಿಯ ಹೆಸರು ಅದರಲ್ಲಿತ್ತು. ಮತ್ತೆ ಅಂಥ ಆಹ್ವಾನ ಬರಲಿಲ್ಲ. ಹತ್ತು ವರ್ಷದ ಅವಧಿ 2019ರಲ್ಲಿ ಮುಗಿದಾಗ ಅದರ ಪುಟಗಳಲ್ಲಿ ಒಂದು ಮುದ್ರೆಯೂ ಬಿದ್ದಿರಲಿಲ್ಲ. ಕಳೆದ ವರ್ಷ ನಾನು ಆ ಊರಿಗೆ ಹೋದಾಗ ಅವರ ಮಗ ಅದನ್ನು ಮಜಲಿನ ಬಟ್ಟೆಯೊಳಗಿಂದ ತೆಗೆದು ತೋರಿಸಿ, ತಾನೂ ಅರ್ಜಿ ಹಾಕಬೇಕೆಂದಿದ್ದೇನೆ, ತಂದೆಯ ಹೆಸರಿನ ಜಾಗದಲ್ಲಿ ಪಡಿತರ ಚೀಟಿಯದನ್ನು ಬರೆಯಬೇಕೋ ಇದರಲ್ಲಿರುವುದನ್ನೋ ಎಂದು ಕೇಳಿದನು.